ಹನ್ನೆರಡು ಮನೆಯ ಸ್ಲೇಟು

ಲೋಲಾಕ್ಷಿಗೆ ಒಂದು ಅಭ್ಯಾಸ. ಮನೆಯಿಂದ ಹೊರಗೆ ಕಾಲಿಡುವ ಮೊದಲು ಎಲ್ಲಿಗೆ ಹೋಗುತ್ತೇನೆ, ಯಾವಾಗ ಬರುತ್ತೇನೆ ಎಂದು ಯಾರಿಗಾದರೂ ಹೇಳಲೇಬೇಕು. ಹೇಳದೆ ಹೊರಟರೆ ಗ್ಯಾಸ್ ಆರಿಸದೆ ಬಂದವಳ ಹಾಗೆ ದಾರಿಯುದ್ದಕ್ಕೂ ಚಡಪಡಿಸುತ್ತಾಳೆ. ತರಕಾರಿಗೆ ಹೋದರೂ ಅಷ್ಟೆ, ಮಂಗಳೂರಿಗೆ ಹೊರಟರೂ ಅಷ್ಟೆ.

"ಡೊಂಬಿವಲಿ ಸ್ಟೇಷನ್‌ನಲ್ಲಿ ಅನೌನ್ಸ್ ಮಾಡ್ಲಿಕ್ಕೆ ಹೇಳ್ಬೇಕಾ ಮಾರಾಯ್ತಿ?" ಎಂದು ಗಂಡ ಪ್ರೇಮನಾಥ ಕೀಟಲೆ ಮಾಡುತ್ತಾನೆ.

ಈ ಅಭ್ಯಾಸ ಹತ್ತಿದ್ದು ಹಳೆಯ ಚಾಲ್‌ನಲ್ಲಿ. ಮುಂಬೈ ಹತ್ತಿರದ ಡೊಂಬಿವಲಿಯ ಪೂರ್ವದಲ್ಲಿ ಹನ್ನೆರಡು ಮನೆಯ ಒಂದು ಚಾಲ್. ಉದ್ದಕ್ಕೆ ಒಂದೇ ಗ್ಯಾಲರಿ, ಎಲ್ಲರಿಗೂ ಸೇರಿ ಎರಡು ನಲ್ಲಿ. ಹೆಚ್ಚಿನವರು ಉಡುಪಿ, ಮಂಗಳೂರು ಕಡೆಯವರು. ಹೋಟೆಲು, ಕ್ಯಾಂಟೀನು, ಆಫೀಸು ಎಂದು ಬಂದವರು. ಪ್ರೇಮನಾಥ ಆಗ ಶಹಾಡ್‌ನ ಒಂದು ಕಾರ್ಖಾನೆಯ ಕ್ಯಾಂಟೀನು ನಡೆಸುತ್ತಿದ್ದ. ಒಂದು ಜುಲೈಯಲ್ಲಿ ಮಳೆ ಹೊಡೆದು ರೈಲುಗಾಡಿಗಳೆಲ್ಲ ನಿಂತವು. ಕೆಲಸಕ್ಕೆ ಹೋದವರು ಅಲ್ಲಲ್ಲೇ ಸಿಕ್ಕಿಬಿದ್ದರು. ಯಾರು ಎಲ್ಲಿದ್ದಾರೆ ಎಂದು ಯಾರಿಗೂ ತಿಳಿಯದು. ಹೆಂಗಸರು ಗ್ಯಾಲರಿಯ ಕಂಬಿ ಹಿಡಿದು ನಿಂತು ಅತ್ತದ್ದೇ ಅತ್ತದ್ದು. ಮರುದಿನ ಮಧ್ಯಾಹ್ನ ಕೊನೆಯವನೂ ಮನೆ ಸೇರಿದ ಮೇಲೆ ಲೋಲಾಕ್ಷಿ ತನ್ನ ಮಗಳು ಮಾನಸಿಯ ಸ್ಲೇಟನ್ನು ತಂದು ಮೆಟ್ಟಿಲ ಪಕ್ಕದ ಮೊಳೆಗೆ ತೂಗು ಹಾಕಿದಳು.

"ಇನ್ನು ಹೊರಗೆ ಹೋಗುವವರು ಇದರಲ್ಲಿ ಬರೆದು ಹೋಗ್ಬೇಕು. ಎಲ್ಲಿಗೆ, ಎಷ್ಟು ಗಂಟೆಗೆ ವಾಪಸ್. ಬರೆಯದವರಿಗೆ ನಾಳೆ ನೀರಿಲ್ಲ" ಎಂದಳು. ಒಂದನೇ ತರಗತಿಯ ಮಾನಸಿ ತನ್ನ ಸ್ಲೇಟು ಹೋಯಿತೆಂದು ಒಂದು ವಾರ ಮುಖ ಊದಿಸಿಕೊಂಡಿದ್ದಳು.

ಹದಿನೆಂಟು ವರ್ಷ ಆ ಸ್ಲೇಟು ಅಲ್ಲೇ ಇತ್ತು. "ನಾಲ್ಕನೇ ಮನೆ, ಕಲ್ಯಾಣ್, ಸಂಜೆ ಆರು." "ಒಂಬತ್ತನೇ ಮನೆ, ಆಸ್ಪತ್ರೆ, ಮಗು ಹುಟ್ಟಿದ ಮೇಲೆ." ಯಾರೋ ಮಾಟುಂಗಾ ಮಾರ್ಕೆಟಿಗೆ ಹೋಗುತ್ತಾರೆಂದು ಓದಿದರೆ ಉಳಿದವರು ಅದರ ಕೆಳಗೇ ಬರೆಯುತ್ತಿದ್ದರು: "ಬಾಳೆಎಲೆ ಹತ್ತು, ಮಲ್ಲಿಗೆ ಎರಡು ಮೊಳ." ಸಂಜೆ ಎಲ್ಲರೂ ಮನೆ ಸೇರಿದ ಮೇಲೆ ಲೋಲಾಕ್ಷಿ ಒದ್ದೆ ಬಟ್ಟೆಯಿಂದ ಸ್ಲೇಟು ಒರೆಸುತ್ತಿದ್ದಳು. ಒರೆಸಿದಳೆಂದರೆ ಹನ್ನೆರಡು ಮನೆಗೂ ನೆಮ್ಮದಿಯ ಊಟ.

ಆಮೇಲೆ ಬಿಲ್ಡರ್ ಬಂದ. ಚಾಲ್ ಹೋಯಿತು. ಒಬ್ಬರು ಕೋಪರಖೈರಣೆಗೆ, ಒಬ್ಬರು ಥಾಣೆಗೆ, ಇನ್ನೊಬ್ಬರು ಬದ್ಲಾಪುರಕ್ಕೆ ಎಂದು ಹನ್ನೆರಡು ಮನೆ ಹನ್ನೆರಡು ದಿಕ್ಕಾಯಿತು. ಲೋಲಾಕ್ಷಿ ಮತ್ತು ಪ್ರೇಮನಾಥ ಡೊಂಬಿವಲಿಯಲ್ಲೇ ಒಂದು ಸಣ್ಣ ಫ್ಲಾಟಿಗೆ ಬಂದರು. ಸ್ಲೇಟು ಅಕ್ಕಿ ಡಬ್ಬಿಯ ಹಿಂದೆ ಸೇರಿತು. ಆದರೆ ಲೋಲಾಕ್ಷಿ ಬಿಡುವವಳಲ್ಲ. ವಾಟ್ಸಾಪ್‌ನಲ್ಲಿ ಒಂದು ಗ್ರೂಪ್ ಮಾಡಿ ಅದಕ್ಕೆ "ನಮ್ಮ ಸ್ಲೇಟು" ಎಂದು ಹೆಸರಿಟ್ಟಳು. ಹನ್ನೆರಡು ಮನೆಯವರು ಸೇರಿದರು, ಅವರ ಮಕ್ಕಳು ಸೇರಿದರು. ಯಾರ ಮನೆಯಲ್ಲಿ ಮದುವೆಯಾದರೂ ಹೊಸ ಅಳಿಯನನ್ನೋ ಸೊಸೆಯನ್ನೋ ಲೋಲಾಕ್ಷಿ ಅದೇ ವಾರ ಸೇರಿಸುತ್ತಿದ್ದಳು. ಈಗ ಅದರಲ್ಲಿ ನೂರ ನಲವತ್ತಮೂರು ಜನ.

ಒಂಬತ್ತನೇ ಮನೆಯ ಮೊಮ್ಮಗ ಪ್ರಥಮ ಒಮ್ಮೆ ಗಣಪತಿ ಹಬ್ಬಕ್ಕೆ ಬಂದಾಗ ಅವಳಿಗೆ ಲೊಕೇಶನ್ ಕಳಿಸುವುದನ್ನು ಹೇಳಿಕೊಟ್ಟಿದ್ದ. ಅಂದಿನಿಂದ ಲೋಲಾಕ್ಷಿ ಹೊರಟಾಗೆಲ್ಲ ಗ್ರೂಪ್ ತೆರೆದು, ಮೇಲಿದ್ದ "ಲೈವ್" ಎಂಬುದನ್ನು ಒತ್ತಿ, "ಎಂಟು ಗಂಟೆ" ಎಂದು ಆರಿಸುತ್ತಿದ್ದಳು. ಅವಳು ತಿಳಿದದ್ದು ಇಷ್ಟು: ಒತ್ತಿದ ಜಾಗದ ಚಿತ್ರ ಸೀಮೆಸುಣ್ಣದ ಬರಹದ ಹಾಗೆ ಅಲ್ಲೇ ನಿಲ್ಲುತ್ತದೆ, ಎಂಟು ಗಂಟೆಯಾದ ಮೇಲೆ ತಾನಾಗಿ ಒರೆಸಿ ಹೋಗುತ್ತದೆ. ಬಟ್ಟೆ ಒದ್ದೆ ಮಾಡುವ ಕೆಲಸವೂ ತಪ್ಪಿತು ಎಂದು ಖುಷಿಯಾಗಿದ್ದಳು.

ಇನ್ನು ಮಾನಸಿಯ ವಿಷಯ ಹೇಳಬೇಕು. ಅವಳ ಗಂಡ ಮನೀಶ್ ನೋಡಲು ಚೆನ್ನಾಗಿದ್ದ, ವಾಶಿಯಲ್ಲಿ ಒಳ್ಳೆಯ ಕೆಲಸದಲ್ಲಿದ್ದ, ಮತ್ತು ಹೊಡೆಯುತ್ತಿದ್ದ. ಎರಡು ವರ್ಷ ಸಹಿಸಿದ ಮಾನಸಿ ಒಂದು ದಿನ ಚೀಲ ಹಿಡಿದು ಹೊರಬಂದಳು. ಅವನು ಅವಳ ಆಫೀಸಿನ ಬಾಗಿಲಿಗೇ ಬಂದು ಗಲಾಟೆ ಮಾಡಿದ, ಡೊಂಬಿವಲಿಗೆ ಬಂದು ಬಾಗಿಲು ಒದ್ದ. ಅವಳ ಹತ್ತಿರ ಸುಳಿಯಬಾರದೆಂದು ಕೋರ್ಟು ಆದೇಶ ಕೊಟ್ಟಿತು. ಮಾನಸಿ ಕೆಲಸ ಬದಲಾಯಿಸಿ, ಕಾಮೋಠೆಯಲ್ಲಿ ಒಂದು ರೂಮ್ ಹಿಡಿದಳು. ಅಡುಗೆಮನೆಯ ಕಿಟಕಿಯಿಂದ ಒಂದು ಬಾದಾಮಿ ಮರ ಕಾಣುತ್ತದೆ ಎಂದು ಫೋನಿನಲ್ಲಿ ಹೇಳಿದ ದಿನ ಅವಳ ದನಿಯಲ್ಲಿ ಎಷ್ಟೋ ತಿಂಗಳ ಮೇಲೆ ನಗು ಇತ್ತು. ವಿಳಾಸವನ್ನು ಮಾತ್ರ ಬರೆದುಕೊಡಲಿಲ್ಲ. ಅಮ್ಮನಿಗೆ ಬಾಯಿಪಾಠ ಮಾಡಿಸಿದಳು. ಲೋಲಾಕ್ಷಿ ಒಡಹುಟ್ಟಿದ ತಂಗಿಗೂ ಬಾಯಿ ಬಿಡಲಿಲ್ಲ.

ಆಷಾಢದ ಒಂದು ಶನಿವಾರ. ಲೋಲಾಕ್ಷಿ ಕೆಸುವಿನ ಎಲೆಯ ಪತ್ರೊಡೆ ಮಾಡಿ ಸ್ಟೀಲ್ ಡಬ್ಬಿಗೆ ತುಂಬಿಸಿದಳು. ಮಗಳ ಹೊಸ ರೂಮಿಗೆ ಅದೇ ಮೊದಲ ಸಲ, ಅದೂ ಒಬ್ಬಳೇ ಹೊರಟಿದ್ದಳು. ಹತ್ತು ಗಂಟೆಗೆ ಚಪ್ಪಲಿ ಮೆಟ್ಟಿದಾಗ ಕೈ ತಾನಾಗಿ ಫೋನಿಗೆ ಹೋಯಿತು. ಎಲ್ಲಿಗೆ ಎಂದು ಬರೆಯಲಿಲ್ಲ, ಅಷ್ಟು ಎಚ್ಚರ ಅವಳಿಗಿತ್ತು. "ಹೊರಟೆ, ಸಂಜೆ ಬರ್ತೇನೆ" ಎಂದಷ್ಟೇ ಬರೆದು, ಲೈವ್ ಒತ್ತಿ, ಎಂಟು ಗಂಟೆ ಆರಿಸಿದಳು. ಥಾಣೆಯಲ್ಲಿ ಇಳಿದು ಪನವೇಲ್ ಗಾಡಿ ಹಿಡಿದಳು. ಮಾನಸರೋವರ್ ಸ್ಟೇಷನ್‌ನಿಂದ ರಿಕ್ಷಾ. ಬಾಯಿಪಾಠ ಮಾಡಿದ ದಾರಿ ಒಂದು ತಿರುವೂ ತಪ್ಪಲಿಲ್ಲ.

ಮಗಳು ಎರಡು ಸಲ ಬಡಿಸಿಕೊಂಡು ತಿಂದಳು. "ಚಾಲ್‌ನಲ್ಲಿ ಪತ್ರೊಡೆ ಮಾಡಿದ್ರೆ ಹನ್ನೆರಡು ತಟ್ಟೆ ಇಡ್ಬೇಕಿತ್ತು, ನಮಗೆ ಒಂದೊಂದೇ ಪೀಸ್. ಆದ್ರೂ ಕಿತನಾ ಮಜಾ ಆತಾ ಥಾ" ಎಂದು ನಕ್ಕಳು. ಇಬ್ಬರೂ ಹಳೆಯದನ್ನೆಲ್ಲ ಕೆದಕಿ ಕೆದಕಿ ಮಾತಾಡಿದರು. ನಲ್ಲಿಯ ಜಗಳ, ಗ್ಯಾಲರಿಯ ಹಪ್ಪಳ, ಮೊಳೆಯ ಮೇಲಿನ ಸ್ಲೇಟು. ಗಂಟೆ ಮೂರಾದದ್ದೇ ತಿಳಿಯಲಿಲ್ಲ.

ಆಗ ಬಾಗಿಲು ಬಡಿಯಿತು. "ಮಾನಸಿ, ಬಾಗಲಾ ತಗೀ ಯವ್ವಾ. ನಾ ಸಾಬವ್ವ."

ಸಾಬವ್ವ ಎದುರು ರೂಮಿನವಳು, ಸಿಂದಗಿ ಕಡೆಯವಳು. ಆ್ಯಪ್ ಮೂಲಕ ಬರುವ ಮನೆ ಸ್ವಚ್ಛ ಮಾಡುವ ಕೆಲಸ ಅವಳದು. ಮೊಬೈಲಿನಲ್ಲಿ ಕರೆ ಬಂದ ಮನೆಗೆ ಹೋಗಬೇಕು, ಅಲ್ಲಿಂದ ಮುಂದಿನ ಮನೆಗೆ. ಮಾನಸಿ ಅವಳಿಗೂ ವಾಚ್‌ಮನ್‌ನಿಗೂ ಮನೀಶನ ಫೋಟೋ ತೋರಿಸಿಟ್ಟಿದ್ದಳು.

"ಕೆಳಗ ಪಾನ್ ಅಂಗಡಿ ಮುಂದ ಒಬ್ಬಾಂವ ನಿಂತಾನ" ಎಂದಳು ಸಾಬವ್ವ, ದನಿ ತಗ್ಗಿಸಿ. "ಮೊಬೈಲ್ ನೋಡ್ತಾನ, ಮ್ಯಾಲ ನೋಡ್ತಾನ. ನೀ ಫೋಟೋದಾಗ ತೋರಿಸಿದ್ದಿಯಲ್ಲ, ಅವನ ಇರಬೇಕು. ಬಿಲ್ಡಿಂಗ್ ಗೊತ್ತಾಗೈತಿ, ಯಾವ ಮನಿ ಅಂತ ಗೊತ್ತಾಗಿಲ್ಲ."

ಮಾನಸಿ ಅಮ್ಮನ ಕಡೆ ತಿರುಗಿದಳು. "ಅಮ್ಮಾ, ಯಾರಿಗೆ ಹೇಳಿದ್ದಿ? ಸಚ್ ಬೋಲ್."

"ದೇವರಾಣೆ ಮಗಾ! ನಿನ್ನ ಚಿಕ್ಕಮ್ಮನಿಗೂ ಹೇಳ್ಲಿಲ್ಲ ನಾನು!" ಎಂದಳು ಲೋಲಾಕ್ಷಿ.

"ನೀವು ಹೇಳಿರ್ಲಿಕ್ಕಿಲ್ರಿ ಅಕ್ಕಾರ" ಎಂದಳು ಸಾಬವ್ವ. "ನಿಮ್ಮ ಮೊಬೈಲ್ ಹೇಳಿರಬೇಕು. ಕೊಡ್ರಿ ಇಲ್ಲಿ." ತೆಗೆದುಕೊಂಡು ನೋಡಿದಳು. "ಹೌದ್ ನೋಡ್ರಿ. ಲೈವ್ ಚಾಲೂ ಐತಿ. ಇನ್ನೂ ಮೂರು ತಾಸು ನಡೀತೈತಿ. ಮುಂಜಾನಿಂದ ನೀವು ಹೋದಲ್ಲೆಲ್ಲಾ ಇದು ನಿಮ್ಮ ಬೆನ್ನ ಹಿಂದ ಬಂದೈತಿ."

"ಅದು ಡೊಂಬಿವಲಿದ್ದು ಅಲ್ವಾ? ನಾನು ಒತ್ತಿದ್ದು ಅಲ್ಲಿ. ಮತ್ತೆ ಅದು ನಮ್ಮ ಚಾಲ್‌ನವರ ಗ್ರೂಪು. ಎಲ್ಲ ನಮ್ಮವರೇ."

ಮಾನಸಿ ಗ್ರೂಪಿನ ಹೆಸರುಗಳನ್ನು ಒಂದೊಂದಾಗಿ ಕೆಳಗೆ ಸರಿಸಿದಳು. ಒಂದು ಕಡೆ ಬೆರಳು ನಿಂತಿತು. ಮನೀಶ್. ಮದುವೆಯಾದ ವಾರ ಹೊಸ ಅಳಿಯನೆಂದು ಲೋಲಾಕ್ಷಿಯೇ ಸೇರಿಸಿದ್ದಳು. ಮಾನಸಿ ಗ್ರೂಪು ಬಿಟ್ಟು ಯಾವ ಕಾಲವಾಯಿತೋ. ಅವನು ಮಾತ್ರ ಒಂದು ದಿನವೂ ಒಂದು ಅಕ್ಷರ ಬರೆಯದೆ, ನೂರ ನಲವತ್ತಮೂರು ಜನರ ನಡುವೆ ಸುಮ್ಮನೆ ಕುಳಿತಿದ್ದ.

ಲೋಲಾಕ್ಷಿಗೆ ಭೂಮಿ ಬಾಯಿಬಿಡಬಾರದೇ ಎನಿಸಿತು. ಮಗಳನ್ನು ಕಾಯಬೇಕಾದ ಕೈಯೇ ಅವನಿಗೆ ದಾರಿ ತೋರಿಸಿತ್ತು. ಮಾನಸಿ ಲೊಕೇಶನ್ ನಿಲ್ಲಿಸಲು ಹೋದಾಗ ಅವಳು ಥಟ್ಟನೆ ತಡೆದಳು.

"ನಿಲ್ಲು ಮಗಾ. ಸಾಬವ್ವ, ಇದು ಮಾನಸಿ ಇರುವ ಜಾಗ ತೋರಿಸುವುದಾ, ಈ ಫೋನ್ ಇರುವ ಜಾಗ ತೋರಿಸುವುದಾ?"

"ಫೋನ್ ಎಲ್ಲೈತಿ, ಅದರಿ."

"ಹಾಗಾದ್ರೆ ಫೋನು ನನ್ನ ಕೈಯಲ್ಲಿ ಉಂಟು. ಮಾನಸಿ ನನ್ನ ಜೊತೆ ಇದ್ದಾಳೆ ಅಂತ ತಿಳ್ಕೊಂಡು ಅವನು ನನ್ನ ಹಿಂದೆ ಬರ್ಲಿ. ಪೊಲೀಸ್ ಸ್ಟೇಷನ್ ಎಲ್ಲಿ ಉಂಟು ಇಲ್ಲಿ?"

ಸಾಬವ್ವ ಹಿಂದಿನ ಗೇಟಿನ ಕಡೆ ಕೈ ತೋರಿಸಿದಳು. ಆಮೇಲೆ ಸೆರಗು ಸಿಕ್ಕಿಸಿಕೊಂಡಳು. "ನಡೀರಿ, ನಾನೂ ಬರ್ತೀನಿ. ಮಾನಸಿ, ಒಳಗಿಂದ ಚಿಲಕ ಹಾಕು. ಪೊಲೀಸರ ನೂರಾ ಹನ್ನೆರಡಕ್ಕ ಫೋನ್ ಹಚ್ಚು. ಕೋರ್ಟಿನ ಕಾಗದದ ಫೋಟೋ ನನ್ನ ಮೊಬೈಲಿಗೆ ಕಳಸು."

ಹಿಂದಿನ ಗೇಟಿನಿಂದ ಹೊರಟು ರಿಕ್ಷಾ ಹತ್ತಿದರು. ಲೋಲಾಕ್ಷಿ ಜೀವಮಾನದಲ್ಲಿ ಮೊದಲ ಸಲ ಆ ನಕ್ಷೆಯನ್ನು ತೆರೆದು ನೋಡಿದಳು. ಚಿಕ್ಕ ದುಂಡನೆಯ ಉರುಟಿನೊಳಗೆ ಅವಳದೇ ಮುಖ. ಮಾನಸಿಯ ಮದುವೆಯಲ್ಲಿ ತೆಗೆದ, ಮೂಗುತಿ ಹೊಳೆಯುವ ಫೋಟೋ. ರಿಕ್ಷಾ ಎಡಕ್ಕೆ ತಿರುಗಿದರೆ ಆ ಮುಖವೂ ಎಡಕ್ಕೆ ತಿರುಗಿತು. ಸಿಗ್ನಲ್‌ನಲ್ಲಿ ನಿಂತರೆ ಅದೂ ನಿಂತಿತು. ಇಷ್ಟು ವರ್ಷ ತಾನು ಏನನ್ನು ಬರೆದು ತೂಗು ಹಾಕುತ್ತಿದ್ದೆ ಎಂದು ಅವಳಿಗೆ ಆಗ ಅರ್ಥವಾಯಿತು.

ಪೊಲೀಸ್ ಸ್ಟೇಷನ್‌ನಲ್ಲಿ ಒಬ್ಬ ಹೆಂಗಸು ಕಾನ್‌ಸ್ಟೇಬಲ್ ಇದ್ದಳು. ಸಾಬವ್ವ ಮರಾಠಿಯಲ್ಲಿ ಎಲ್ಲವನ್ನೂ ಹೇಳಿ ಕೋರ್ಟಿನ ಆದೇಶ ತೋರಿಸಿದಳು. ಲೋಲಾಕ್ಷಿ ಬಾಗಿಲಿಗೆ ಎದುರಾದ ಬೆಂಚಿನಲ್ಲಿ ಫೋನನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಳು. ಇಪ್ಪತ್ತು ನಿಮಿಷವೂ ಆಗಿರಲಿಲ್ಲ. ಗೇಟಿನ ಹೊರಗೆ ಬೈಕು ನಿಂತಿತು. ಮನೀಶ್ ಫೋನಿನಿಂದ ಕಣ್ಣು ತೆಗೆಯದೆ ನಾಲ್ಕು ಹೆಜ್ಜೆ ಒಳಗೆ ಬಂದ. ತಲೆ ಎತ್ತಿದಾಗ ಎದುರಿಗೆ ಅತ್ತೆ, ಅತ್ತೆಯ ಪಕ್ಕದಲ್ಲಿ ಖಾಕಿ.

ಹಿಂದಕ್ಕೆ ತಿರುಗಿದವನನ್ನು ಕಾನ್‌ಸ್ಟೇಬಲ್ ಕರೆದಳು: "ಓ ಸಾಹೇಬ್, ಇಕಡೆ ಯಾ."

ಅವನನ್ನು ಒಳಗೆ ಕೂರಿಸಿದರು, ದೂರು ಬರೆದುಕೊಂಡರು. ಬರೆಯುವುದಕ್ಕೆ ಹೊತ್ತು ಹಿಡಿಯಿತು. ಅಷ್ಟರಲ್ಲಿ ಬೆಂಚಿನ ಮೇಲೆ ಸಾಬವ್ವನ ಪಾಠ ಶುರುವಾಯಿತು.

"ನಿಮಗೆ ಇದೆಲ್ಲ ಹೇಗೆ ಗೊತ್ತು ಸಾಬವ್ವ?"

"ನನ್ನ ಕೆಲಸಾನ ಲೊಕೇಶನ್ ಮ್ಯಾಲ ನಡೀತೈತಿ ಅಕ್ಕಾರ. ಮೊದಲ ನನಗೂ ಗೊತ್ತಿರಲಿಲ್ಲ. ಕೆಲಸದ ಆ್ಯಪಿಗೆ 'ಯಾವಾಗಲೂ' ಅಂತ ಒತ್ತಿ ಬಿಟ್ಟಿದ್ದೆ. ಒಂದಿನ ಜ್ವರ ಅಂತ ಸುಳ್ಳು ಹೇಳಿ ತಂಗಿ ಮಗಳ ತೊಟ್ಟಲ ಕಾರ್ಯಕ್ಕ ಹೊಂಟಿದ್ದೆ. ಸೂಪರ್‌ವೈಸರ್ ಫೋನ್ ಮಾಡಿ, 'ಜ್ವರ ಬಂದಾಕಿ ಪನವೇಲ್ ಬಸ್ ಸ್ಟ್ಯಾಂಡಿನ್ಯಾಗ ಏನ್ ಮಾಡ್ತಿ?' ಅಂದ. ಅವತ್ತ ಕಲತೆ. ಈಗ ಆರು ಗಂಟೆಗೆ ಲೊಕೇಶನ್ ಬಂದ್. ಆಮ್ಯಾಲ ನಾ ಎಲ್ಲಿರ್ತೀನಿ ಅನ್ನೂದು ನನ್ನ ಹೊಟ್ಟ್ಯಾಗ."

ಲೋಲಾಕ್ಷಿಗೆ ದುಗುಡದ ನಡುವೆಯೂ ನಗು ಬಂತು. ಆಮೇಲೆ ಸ್ಲೇಟಿನ ಕಥೆ ಹೇಳಿದಳು. "ನಮ್ಮ ಚಾಲ್‌ನಲ್ಲಿ ಎಲ್ಲರೂ ಎಲ್ಲಿಗೆ ಅಂತ ಬರೆದೇ ಹೋಗ್ತಿದ್ದದ್ದು. ಆಗ ಒಂದು ದಿನವೂ ಹೀಗೆ ಆಗ್ಲಿಲ್ಲ."

"ಆ ಸ್ಲೇಟ್ ಯಾರು ಓದ್ತಿದ್ರು?"

"ಹನ್ನೆರಡು ಮನೆಯವರು. ಹೊರಗಿನವರು ಮೆಟ್ಟಿಲು ಹತ್ತಿದ್ರೆ ಯಾರು ಬೇಕು ಅಂತ ಹನ್ನೆರಡು ಬಾಗಿಲಲ್ಲೂ ಕೇಳ್ತಿದ್ರು."

"ಸಂಜಿಗೆ?"

"ನಾನೇ ಒರೆಸ್ತಿದ್ದೆ."

"ಅಷ್ಟ ನೋಡ್ರಿ ಅಕ್ಕಾರ. ಯಾರು ಓದ್ತಾರ ಗೊತ್ತಿತ್ತು, ಯಾವಾಗ ಒರಸಬೇಕು ಗೊತ್ತಿತ್ತು. ಮೊಬೈಲಿಗೂ ಅವೆರಡ ಕೇಳಬೇಕು."

ಹಾಗೆ ಹೇಳಿ ಫೋನನ್ನು ಲೋಲಾಕ್ಷಿಯ ಕೈಗೇ ಕೊಟ್ಟಳು. ತಾನು ಒತ್ತಲಿಲ್ಲ, ಅವಳಿಂದಲೇ ಒತ್ತಿಸಿದಳು. ವಾಟ್ಸಾಪ್‌ನ ಸೆಟ್ಟಿಂಗ್ಸ್, ಅದರಲ್ಲಿ ಪ್ರೈವೆಸಿ, ಅದರಲ್ಲಿ ಲೈವ್ ಲೊಕೇಶನ್. ಯಾರಿಗೆಲ್ಲ ಕಾಣುತ್ತಿದೆ ಎಂದು ಅಲ್ಲಿ ಗೊತ್ತಾಗುತ್ತದೆ. "ನಿಲ್ಲಿಸು" ಎಂದು ಲೋಲಾಕ್ಷಿ ಒತ್ತಿದಳು. ಉರುಟಿನೊಳಗಿನ ಮುಖ ನಕ್ಷೆಯಿಂದ ಮರೆಯಾಯಿತು.

ಮುಂದೆ ಫೋನಿನದೇ ಸೆಟ್ಟಿಂಗ್ಸ್. ಅದರಲ್ಲಿ ಲೊಕೇಶನ್, ಅದರೊಳಗೆ ಆ್ಯಪ್‌ಗಳ ಪಟ್ಟಿ. ಯಾವ ಆ್ಯಪಿಗೆ ಯಾವಾಗಲೂ ಅನುಮತಿ, ಯಾವುದಕ್ಕೆ ಬಳಸುವಾಗ ಮಾತ್ರ, ಯಾವುದಕ್ಕೆ ಇಲ್ಲವೇ ಇಲ್ಲ ಎಂದು ಅಲ್ಲಿ ಸಾಲಾಗಿ ಬರೆದಿರುತ್ತದೆ. ಲೋಲಾಕ್ಷಿಯ ಫೋನಿನಲ್ಲಿ ಪಂಚಾಂಗದ ಆ್ಯಪಿಗೂ ಯಾವಾಗಲೂ ಅನುಮತಿ ಇತ್ತು. "ಏಕಾದಶಿ ಯಾವತ್ತು ಅಂತ ಹೇಳ್ಲಿಕ್ಕೆ ನಾನು ಎಲ್ಲಿದ್ದೇನೆ ಅಂತ ದಿನವಿಡೀ ಯಾಕೆ ನೋಡ್ಬೇಕು?" ಎಂದು ರೇಗಿ ಅದನ್ನು ತೆಗೆದಳು. ರಿಕ್ಷಾ ಕರೆಯುವ ಆ್ಯಪಿಗೆ "ಬಳಸುವಾಗ ಮಾತ್ರ" ಎಂದು ಹಾಕಿಸಿದಳು ಸಾಬವ್ವ. ಮಳೆ ಬರುತ್ತದೋ ಇಲ್ಲವೋ ಎಂದು ಹೇಳುವ ಆ್ಯಪಿಗೆ ಊರು ಗೊತ್ತಿದ್ದರೆ ಸಾಕು, ಮನೆ ಬಾಗಿಲು ಬೇಡ ಎಂದು ನಿಖರ ಜಾಗ ತೋರಿಸುವುದನ್ನು ನಿಲ್ಲಿಸಲು ಹೇಳಿದಳು. ಕ್ಯಾಮೆರಾದ ಸೆಟ್ಟಿಂಗ್ಸ್‌ಗೆ ಹೋಗಿ, ಫೋಟೋದ ಜೊತೆ ತೆಗೆದ ಜಾಗವೂ ದಾಖಲಾಗುವುದನ್ನು ಬಂದ್ ಮಾಡಿಸಿದಳು. ದಾರಿ ತೋರಿಸುವ ಮ್ಯಾಪಿನಲ್ಲಿಯೂ ಯಾರ ಜೊತೆಗಾದರೂ ಲೊಕೇಶನ್ ಹಂಚಿಕೆ ಆಗುತ್ತಿದೆಯೇ ಎಂದು ನೋಡಿದರು. ಕೊನೆಯಲ್ಲಿ ಗ್ರೂಪಿನಿಂದ ಒಬ್ಬನ ಹೆಸರನ್ನು ಲೋಲಾಕ್ಷಿ ತಾನೇ ತೆಗೆದಳು.

"ಹಾಗಾದ್ರೆ ಲೊಕೇಶನ್ ಯಾರಿಗೂ ಕಳಿಸುವುದೇ ಬೇಡವಾ?"

"ಕಳಸ್ರಿ. ಒಬ್ಬಾಕಿನ ರಿಕ್ಷಾದಾಗ ಹೊಂಟಾಗ ನಮ್ಮ ಯಜಮಾನರಿಗೆ ನಾನೂ ಕಳಸ್ತೀನಿ. ಒಬ್ಬರಿಗೆ, ಒಂದು ತಾಸು. ಮನಿ ಮುಟ್ಟಿದ ಕೂಡ್ಲೆ ಬಂದ್. ಅಡಚಣಿ ಬಂದ್ರ ನೂರಾ ಹನ್ನೆರಡು."

ಮನೆಗೆ ಬಂದು ಎಲ್ಲ ಹೇಳಿದಾಗ ಪ್ರೇಮನಾಥ ಎದ್ದು ಬಾಗಿಲ ಚಿಲಕ ಇನ್ನೊಮ್ಮೆ ನೋಡಿ ಬಂದ. ಆಮೇಲೆ ತನ್ನ ಫೋನು ಎತ್ತಿ ಹಿಡಿದು, "ನನ್ನದರಲ್ಲಿ ಅಂಥದ್ದೆಲ್ಲ ಇಲ್ಲ. ನಾನು ಯಾರಿಗೂ ಏನೂ ಕಳಿಸುವುದಿಲ್ಲ" ಎಂದ. ಲೋಲಾಕ್ಷಿ ಫೋನು ಕಸಿದುಕೊಂಡು ಪಟ್ಟಿ ತೆರೆದಳು. ಕರೆಂಟು ಹೋದಾಗ ಬೇಕೆಂದು ಯಾವಾಗಲೋ ಹಾಕಿಕೊಂಡ ಟಾರ್ಚಿನ ಆ್ಯಪು, ಅದಕ್ಕೆ ಯಾವಾಗಲೂ ಅನುಮತಿ.

"ನೋಡಿ, ನಿಮ್ಮ ಟಾರ್ಚಿಗೆ ನೀವು ಎಲ್ಲಿದ್ದೀರಿ ಅಂತ ಇಪ್ಪತ್ನಾಲ್ಕು ಗಂಟೆ ಗೊತ್ತು. ನನಗೇ ಗೊತ್ತಿಲ್ಲ!"

ಪ್ರೇಮನಾಥ ಕನ್ನಡಕ ಹಾಕಿಕೊಂಡು ಪಕ್ಕದಲ್ಲಿ ಬಂದು ಕುಳಿತ. "ಹೇಳು, ಎಲ್ಲಿ ಒತ್ತಬೇಕು?"

ಇಲ್ಲಿಗೆ ಎಲ್ಲ ಸುಖಾಂತವಾಯಿತು ಎಂದು ಹೇಳಲು ನನಗೂ ಆಸೆ. ಆದರೆ ಮನೀಶನಿಗೆ ಆ ಬಿಲ್ಡಿಂಗ್ ಗೊತ್ತಾಗಿಬಿಟ್ಟಿತ್ತು. ಲೊಕೇಶನ್ ಆಮೇಲೆ ಬಂದ್ ಮಾಡಬಹುದು. ನೋಡಿದವನ ತಲೆಯಿಂದ ಅಳಿಸಲು ಯಾವ ಸೆಟ್ಟಿಂಗೂ ಇಲ್ಲ. ಹದಿನೈದು ದಿನದಲ್ಲಿ ಮಾನಸಿ ಆ ರೂಮು ಖಾಲಿ ಮಾಡಿದಳು. ಸಾಮಾನು ಕಟ್ಟುವಾಗ ಅಡುಗೆಮನೆಯ ಕಿಟಕಿಯ ಹತ್ತಿರ ನಿಂತು ಬಾದಾಮಿ ಮರವನ್ನು ನೋಡುತ್ತಿದ್ದಳು. ಲೋಲಾಕ್ಷಿ ಹತ್ತಿರ ಹೋಗಿ, "ನನ್ನಿಂದ ಆದದ್ದು ಮಗಾ" ಎಂದು ಅತ್ತಳು. ಮಾನಸಿ ಅಮ್ಮನ ತಲೆ ಸವರಿದಳು.

ಈಗ ಮಾನಸಿ ಬೇರೆ ಕಡೆ ಇದ್ದಾಳೆ. ಎಲ್ಲಿ ಎಂದು ನನ್ನನ್ನು ಕೇಳಬೇಡಿ. ಆ ಮನೆಗೆ ಹೋದಾಗೆಲ್ಲ ಸಾಬವ್ವ ಅಡುಗೆಮನೆಯಲ್ಲೇ ಕೂತು ಚಹಾ ಕುಡಿಯುತ್ತಾಳಂತೆ, ಅಷ್ಟು ಮಾತ್ರ ಗೊತ್ತು.

ಲೋಲಾಕ್ಷಿ ಅಭ್ಯಾಸ ಬಿಟ್ಟಿಲ್ಲ. ಅಕ್ಕಿ ಡಬ್ಬಿಯ ಹಿಂದಿನ ಸ್ಲೇಟನ್ನು ತೆಗೆದು, ಒರೆಸಿ, ಮತ್ತೆ ಮೊಳೆಗೆ ತೂಗು ಹಾಕಿದ್ದಾಳೆ. ಈ ಸಲ ಬಾಗಿಲ ಹೊರಗಲ್ಲ, ಒಳಗೆ. ಓದುವವನು ಒಬ್ಬನೇ. ಮಗಳ ಮನೆಗೆ ಹೊರಟ ದಿನ "ಸಂಜೆ ಆರು" ಎಂದಷ್ಟೇ ಬರೆಯುತ್ತಾಳೆ. ಎಲ್ಲಿಗೆ ಎಂಬುದನ್ನು ಪ್ರೇಮನಾಥನ ಕಿವಿಯಲ್ಲಿ ಹೇಳಿ "ಹೋಗಿ ಬರ್ತೇನೆ" ಎನ್ನುತ್ತಾಳೆ. ಫೋನಿನ ಲೊಕೇಶನ್ ಬಂದ್. ಸಂಜೆ ಬಂದು ಚಪ್ಪಲಿ ಬಿಟ್ಟವಳೇ ಒದ್ದೆ ಬಟ್ಟೆ ಹಿಡಿದು ಸ್ಲೇಟು ಒರೆಸುತ್ತಾಳೆ. ಆಗ ಆ ಮನೆಯಲ್ಲಿ ನೆಮ್ಮದಿಯ ಊಟ.

ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಫೋನಿನಲ್ಲೂ ಒಂದು ಸ್ಲೇಟು ತೂಗುತ್ತಿದೆ. ಇದನ್ನು ಓದಿ ಮುಗಿಸಿದ ಕೂಡಲೇ ಅದನ್ನೊಮ್ಮೆ ತೆರೆದು ನೋಡಿ. ಬೇಡದ ಆ್ಯಪಿಗೆ ಕೊಟ್ಟ ಅನುಮತಿ ತೆಗೆಯಿರಿ. ಮರೆತುಹೋದ ಗ್ರೂಪುಗಳಲ್ಲಿ ಯಾರು ಯಾರು ಕುಳಿತಿದ್ದಾರೆಂದು ಹೆಸರು ಹೆಸರಾಗಿ ನೋಡಿ. ಕಳಿಸಲೇಬೇಕಾದರೆ ನಂಬಿದ ಒಬ್ಬರಿಗೆ, ಬೇಕಾದಷ್ಟೇ ಹೊತ್ತು ಕಳಿಸಿ. ತಿಳಿಯದಿದ್ದರೆ ನಾಚಿಕೊಳ್ಳದೆ ತಿಳಿದವರನ್ನು ಕೇಳಿ. ಆದರೆ ಫೋನು ಅವರ ಕೈಗೆ ಕೊಡದೆ ನೀವೇ ಒತ್ತಿ ಕಲಿಯಿರಿ. ನೀವು ಎಲ್ಲಿದ್ದೀರಿ ಎಂಬುದು ನಿಮ್ಮೊಬ್ಬರ ವಿಷಯವಲ್ಲ. ನೀವು ಯಾರ ಮನೆಗೆ ಹೋಗುತ್ತೀರೋ ಅವರ ಬಾಗಿಲೂ ಅದರಲ್ಲಿ ಕಾಣುತ್ತದೆ. ಇವತ್ತೇ ಒರೆಸಿ.